ಮೂಕಿ ನಗೆ, ಬೆಂಕಿ ಫಿಲ್ಮು

ನನ್ನ ತಂಗಿಯ ಮೊಮ್ಮಗ ಈಗ ದಾವಣಗೆರೆಯ ಒಂದು ಸಿನಿಮಾ ಮಂದಿರದಲ್ಲಿ ಆಪರೇಟರ್ ಆಗಿ ಸೇರಿಕೊಂಡಿದ್ದಾನೆ. ಕೆಲಸ ಸಿಕ್ಕ ಹೊಸತರಲ್ಲೇ ನನ್ನನ್ನು ಕರೆದುಕೊಂಡು ಹೋಗಿ ತನ್ನ ಕ್ಯಾಬಿನ್ ತೋರಿಸಿದ. ತಣ್ಣಗಿನ ಕೋಣೆ. ಹೊಗೆಯಿಲ್ಲ, ವಾಸನೆಯಿಲ್ಲ, ಗೋಡೆಗೆ ಮಸಿಯಿಲ್ಲ. ಮೂಲೆಯಲ್ಲಿ ಒಂದು ಕುರ್ಚಿ, ಅದರ ಮೇಲೆ ಅವನ ಊಟದ ಡಬ್ಬಿ. "ಗುಂಡಿ ಒತ್ತಿದ್ರೆ ಆತು ತಾತಾ. ಆಮ್ಯಾಲೆ ಕೆಳಗ ಹೋಗಿ ಚಾ ಕುಡ್ಕಂಡು ಬರ್ತೀನಿ" ಎಂದ.

"ಮಷೀನು ಓಡ್ತಿರೋವಾಗ ಬಿಟ್ಟು ಹೋಗ್ತೀಯೇನೋ?" ಎಂದು ನಾನು ಬೆಚ್ಚಿ ಕೇಳಿದೆ.

ಅವನು ನಕ್ಕ. "ಯಾಕ, ಏನಾಗತೈತೆ? ನಿಮ್ ಕಾಲದಾಗ ಹೆಂಗಿತ್ತು?"

ಅದು ಅಲ್ಲಿ ನಿಂತು ಹೇಳಿ ಮುಗಿಸುವ ಮಾತಾಗಿರಲಿಲ್ಲ. ಮನೆಗೆ ಬಂದು ಬರೆಯಲು ಕೂತಿದ್ದೇನೆ. ಎಷ್ಟು ವರ್ಷ ದುಡಿದೆ, ಯಾವಾಗ ದೊಡ್ಡ ಆಪರೇಟರ್ ಆದೆ, ಬೀಳ್ಕೊಡುಗೆಯ ದಿನ ಯಾರು ಹಾರ ಹಾಕಿದರು ಎಂಬುದನ್ನೆಲ್ಲ ಬಿಟ್ಟಿದ್ದೇನೆ. ಈ ಕೆಲಸ ಎಂಥದ್ದು ಎಂದು ನನಗೆ ತಿಳಿದದ್ದು ಐವತ್ತರ ದಶಕದ ಕೊನೆಯ ವರ್ಷಗಳಲ್ಲಿ, ಹರಿಹರದ ಒಂದು ತಗಡಿನ ಟಾಕೀಸಿನಲ್ಲಿ, ಮೆಹಬೂಬ್ ಸಾಬರ ಪಕ್ಕದಲ್ಲಿ. ಅದನ್ನಷ್ಟೇ ಹೇಳುತ್ತೇನೆ.

ನಮ್ಮದು ಕೊಕ್ಕನೂರು. ಇದ್ದ ಹೊಲಕ್ಕೆ ಅಣ್ಣಂದಿರ ಕೈಗಳೇ ಸಾಕಾಗಿದ್ದವು. ನಾನು ದಾವಣಗೆರೆಗೆ ಬಂದು ಹತ್ತಿಯಿಂದ ಬೀಜ ಬಿಡಿಸುವ ಜಿನ್ನಿನಲ್ಲಿ ಕೂಲಿಗೆ ಸೇರಿದೆ. ಮದುವೆಯೂ ಆಯಿತು. ಒಂದು ಬೇಸಿಗೆಯ ಮಧ್ಯಾಹ್ನ ಜಿನ್ನಿನ ಅಂಗಳದಲ್ಲಿ ರಾಶಿ ಹಾಕಿದ್ದ ಹತ್ತಿಗೆ ಬೆಂಕಿ ತಗುಲಿತು. ಹತ್ತಿಯ ಬೆಂಕಿ ಮೇಲೆ ಕಾಣುವುದಿಲ್ಲ. ಒಳಗೊಳಗೇ ತಿನ್ನುತ್ತ ಹೋಗಿ, ನಾವು ಆರಿತು ಎಂದುಕೊಂಡಾಗ ಮತ್ತೊಂದು ಕಡೆ ಎದ್ದು ನಿಲ್ಲುತ್ತದೆ. ನನ್ನ ಜೊತೆಗಾರನೊಬ್ಬನ ಬೆನ್ನು ಸುಟ್ಟಿತು. ಅವನು ಬದುಕಿದ. ಆದರೆ ನಾನು ಮತ್ತೆ ಆ ಗೇಟಿನೊಳಗೆ ಕಾಲಿಡಲಿಲ್ಲ. ನಿದ್ದೆಯಲ್ಲೂ ಹತ್ತಿ ಹೊಗೆಯಾಡುತ್ತಿತ್ತು.

ಹರಿಹರದ ಟಾಕೀಸಿನ ಸಾಹುಕಾರರಿಗೆ ನಮ್ಮ ಸೋದರಮಾವ ಪರಿಚಯ. ಅವರ ಮಾತಿನ ಮೇಲೆ ಆಪರೇಟರ್‌ಗೆ ಸಹಾಯಕನಾಗಿ ನನ್ನನ್ನು ತೆಗೆದುಕೊಂಡರು. ಕತ್ತಲಲ್ಲಿ ಕೂತು ಪುಕ್ಕಟೆ ಸಿನಿಮಾ ನೋಡುವ ಕೆಲಸ ಎಂದು ಹೆಂಡತಿ ಖುಷಿಪಟ್ಟಳು. ನಾನೂ ಹಾಗೆಯೇ ತಿಳಿದಿದ್ದೆ.

ಟಾಕೀಸು ಎಂದರೆ ಸುತ್ತ ತಗಡಿನ ಗೋಡೆ, ಮೇಲೆ ತಗಡಿನ ಮಾಡು, ನೆಲಕ್ಕೆ ಮರಳು. ಹಿಂದುಗಡೆ ನಾಲ್ಕು ಕಂಬಗಳ ಮೇಲೆ ನಿಲ್ಲಿಸಿದ ತಗಡಿನ ಗೂಡೇ ನಮ್ಮ ಕ್ಯಾಬಿನ್. ಹತ್ತಲು ಹೊರಗಡೆಯಿಂದ ಒಂದು ಕಬ್ಬಿಣದ ಏಣಿ. ಒಳಗೆ ಮಷೀನು, ಮಷೀನಿನ ಬೆನ್ನಿಗೆ ದೀಪದ ಪೆಟ್ಟಿಗೆ. ಆ ಪೆಟ್ಟಿಗೆಯಲ್ಲಿ ಎರಡು ಕಾರ್ಬನ್ ಕಡ್ಡಿಗಳ ನಡುವೆ ಉರಿಯುವ ಬೆಳಕನ್ನು ಬರಿಗಣ್ಣಿಂದ ನೋಡಿದರೆ ಕಣ್ಣು ಹೋಗುತ್ತಿತ್ತು. ಆ ಉರಿಯ ಮುಂದೆ ಫಿಲ್ಮು ಹಾದು ಹೋಗುವ ಕಿಂಡಿಗೆ ಗೇಟು ಎನ್ನುತ್ತಿದ್ದೆವು.

ಮೆಹಬೂಬ್ ಸಾಬರು ಐವತ್ತು ದಾಟಿದ ತೆಳ್ಳನೆಯ ಮನುಷ್ಯ. ಮಾತು ಕಡಿಮೆ, ನಗು ಇನ್ನೂ ಕಡಿಮೆ. ಮೊದಲ ದಿನ ಅವರು ನನಗೆ ಮಷೀನು ತೋರಿಸಲಿಲ್ಲ. ಟಾಕೀಸಿನ ಹಿಂದಿನ ಬಯಲಿಗೆ ಕರೆದುಕೊಂಡು ಹೋಗಿ, ಜೇಬಿನಿಂದ ಬೆರಳುದ್ದದ ಒಂದು ಫಿಲ್ಮಿನ ತುಂಡು ತೆಗೆದು, ಕಡ್ಡಿ ಗೀರಿ ಹಚ್ಚಿದರು. ಭುಸ್ ಎಂದು ಹತ್ತಿತು. ಅದನ್ನು ನೀರು ತುಂಬಿದ ಬಕೆಟ್ಟಿನೊಳಗೆ ಬಿಟ್ಟರು. ನೀರಿನೊಳಗೂ ಅದು ಗುಳುಗುಳು ಎನ್ನುತ್ತ ಉರಿಯುತ್ತಲೇ ಇತ್ತು.

ನಾನು ಎರಡು ಹೆಜ್ಜೆ ಹಿಂದಕ್ಕೆ ಸರಿದೆ.

"ಇದು ಹಳೇ ಫಿಲ್ಮು. ಬೆಂಕಿ ಫಿಲ್ಮು ಅಂತೀವಿ" ಎಂದರು ಸಾಬರು. "ಈಗ ಬರೋ ಹೊಸ ಫಿಲ್ಮು ಸುಟ್ರೆ ಮುದುಡತೈತೆ, ಅಷ್ಟೇ. ಇದು ಹಂಗಲ್ಲ. ಮರಳು ಹಾಕಿದ್ರೂ ಆರಲ್ಲ, ನೀರು ಹಾಕಿದ್ರೂ ಆರಲ್ಲ. ಓಡಿಹೋಗೋ ಹಂಗಿದ್ರೆ ಇವತ್ತೇ ಹೋಗು ರುದ್ರಪ್ಪ. ಜನ ಒಳಗ ಕೂತ ಮ್ಯಾಲೆ ಓಡಬ್ಯಾಡ."

ಹೋಗಬೇಕೆಂದೇ ಅನ್ನಿಸಿತು. ಆದರೆ ಮನೆಯಲ್ಲಿ ಹೆಂಡತಿ ಬಸುರಿ. ಕೈಬಿಟ್ಟ ಜಿನ್ನಿನ ಹೊರತು ಬೇರೆ ಕೆಲಸ ಕಾಣುತ್ತಿರಲಿಲ್ಲ. ಉಳಿದೆ.

ಆ ಬೆಂಕಿ ಫಿಲ್ಮು ನಮ್ಮಲ್ಲಿ ಯಾಕೆ ಇತ್ತು ಎಂದು ಹೇಳಬೇಕು. ಸಾಹುಕಾರರು ಟಾಕೀಸನ್ನು ಹಿಂದಿನ ಯಜಮಾನರಿಂದ ಕೊಂಡಾಗ ಸಾಮಾನಿನ ಜೊತೆ ಒಂದು ಮರದ ಟ್ರಂಕು ಬಂದಿತ್ತು. ಅದರ ತುಂಬ ಪರದೇಶದ ಹಳೆಯ ಮೂಕಿ ನಗೆ ರೀಲುಗಳು. ಮಾತಿಲ್ಲ, ಹಾಡಿಲ್ಲ. ನಡುನಡುವೆ ಇಂಗ್ಲಿಷ್ ಅಕ್ಷರ ಬರುತ್ತಿದ್ದವು. ಅದನ್ನು ಓದುವವರು ಯಾರೂ ಇರಲಿಲ್ಲ, ಓದದೆ ಯಾರಿಗೂ ನಷ್ಟವಾಗುತ್ತಿರಲಿಲ್ಲ. ಡುಮ್ಮನೆಯ ಪೊಲೀಸಪ್ಪ ಓಡುತ್ತಾನೆ, ಕಡ್ಡಿಯಂಥವನೊಬ್ಬ ಅವನ ಕಾಲ ಸಂದಿಯಲ್ಲಿ ನುಸುಳುತ್ತಾನೆ. ಮೋಟಾರು ಗೋಡೆಗೆ ಗುದ್ದಿ ಇಬ್ಭಾಗವಾಗುತ್ತದೆ, ಅರ್ಧ ಮೋಟಾರಿನಲ್ಲೇ ಜನ ಓಡಿಸಿಕೊಂಡು ಹೋಗುತ್ತಾರೆ. ಕೆನೆ ಮೆತ್ತಿದ ದಪ್ಪ ರೊಟ್ಟಿಯಂಥದ್ದನ್ನು ಒಬ್ಬರ ಮುಖಕ್ಕೆ ಒಬ್ಬರು ಎಸೆಯುತ್ತಾರೆ. ಆ ರೀಲು ಹಾಕಿದಾಗಲೆಲ್ಲ ಹೆಂಗಸರ ಕಡೆಯಿಂದ, "ಅಯ್ಯಯ್ಯೋ, ಅಷ್ಟೂ ಬೆಣ್ಣಿ ಹಾಳು ಮಾಡಿದ್ರಲ್ಲೇ!" ಎಂಬ ಕೂಗು ಬರದೆ ಇರುತ್ತಿರಲಿಲ್ಲ.

ಸಾಹುಕಾರರಿಗೆ ದಾವಣಗೆರೆಯಲ್ಲೂ ಒಂದು ಟಾಕೀಸಿತ್ತು. ಎರಡು ಊರಿಗೂ ಸೇರಿ ಸಿನಿಮಾದ ಪ್ರತಿ ಒಂದೇ. ಅಲ್ಲಿ ಓಡಿ ಮುಗಿದ ರೀಲು ಬಸ್ಸಿನಲ್ಲೋ ರೈಲಿನಲ್ಲೋ ಹರಿಹರಕ್ಕೆ ಬರಬೇಕು. ಬರುವುದು ತಡವಾದರೆ ಜನ ತಗಡು ಬಡಿಯುತ್ತಿದ್ದರು. ಆಗ ಸಾಹುಕಾರರು ಏಣಿಯ ಬುಡದಲ್ಲಿ ನಿಂತು, "ಸಾಬ್ರೆ, ನಗಿ ರೀಲು ಹಾಕ್ರಿ!" ಎನ್ನುತ್ತಿದ್ದರು. ಹಾಕಿದ ಕೂಡಲೇ ಬಡಿತ ನಿಂತು ನಗೆ ಏಳುತ್ತಿತ್ತು. ಜನರ ಸಿಟ್ಟು ಇಳಿಯುತ್ತಿದ್ದಂತೆ ನನ್ನ ಎದೆಬಡಿತ ಏರುತ್ತಿತ್ತು.

ಇದರಲ್ಲಿ ಇನ್ನೊಂದು ಪೇಚಿತ್ತು. ಮಾತಿನ ಸಿನಿಮಾಕ್ಕೆ ಮಷೀನು ಓಡುವ ವೇಗದಲ್ಲಿ ಮೂಕಿ ರೀಲು ಓಡಿಸಿದರೆ ಮನುಷ್ಯರು ಇರುವೆಗಳಂತೆ ಹರಿದಾಡುತ್ತಾರೆ. ದಾವಣಗೆರೆಯ ಆಪರೇಟರ್ ಹಾಗೆಯೇ ಓಡಿಸುತ್ತಿದ್ದ. ಸಾಬರು ಒಪ್ಪುತ್ತಿರಲಿಲ್ಲ. ಮೋಟಾರಿನ ಬೆಲ್ಟು ಬಿಚ್ಚಿ, ಹಿಡಿಕೆ ಹಾಕಿ, ಕೈಯಿಂದ ತಿರುಗಿಸುತ್ತಿದ್ದರು. "ಜೋರಾಗಿ ಬಿಟ್ರೆ ಬಿದ್ದದ್ದಷ್ಟೇ ಕಾಣತೈತೆ" ಎನ್ನುತ್ತಿದ್ದರು. "ಬೀಳೋದಕ್ಕಿಂತ ಮುಂಚೆ ಅವನ ಮುಖ ಕಾಣ್ಬೇಕು. ಆಗ ನಗಿ."

ಅವರ ಮಾತು ನಿಜ. ಅವರು ತಿರುಗಿಸಿದಾಗ ಏಳುತ್ತಿದ್ದ ನಗೆಯೇ ಬೇರೆ. ಆದರೆ ನಿಧಾನ ತಿರುಗಿಸಿದಷ್ಟೂ ಒಂದೊಂದು ಚಿತ್ರ ಆ ಉರಿಯ ಮುಂದೆ ಹೆಚ್ಚು ಹೊತ್ತು ನಿಲ್ಲುತ್ತದೆ. ಹಳೆಯ ಫಿಲ್ಮು ಕುಗ್ಗಿ, ಅಂಚಿನ ತೂತುಗಳು ಮಷೀನಿನ ಚಕ್ರದ ಹಲ್ಲಿಗೆ ಸರಿಯಾಗಿ ಕೂರುತ್ತಿರಲಿಲ್ಲ. ಒಂದು ಕ್ಷಣ ಸಿಕ್ಕಿಕೊಂಡರೆ ಸಾಕು. ಅದಕ್ಕಾಗಿ ಉರಿಗೂ ಫಿಲ್ಮಿಗೂ ನಡುವೆ ಒಂದು ತಗಡಿನ ಮುಚ್ಚಳವಿತ್ತು. ಸಾಬರು ಹಿಡಿಕೆ ತಿರುಗಿಸುವಾಗ ಆ ಮುಚ್ಚಳದ ಮೇಲೆ ಕೈಯಿಟ್ಟು, ಗೇಟನ್ನೇ ನೋಡುತ್ತ ನಿಲ್ಲುವುದು ನನ್ನ ಕೆಲಸ. ಧೂಳಿಗೂ ಫಿಲ್ಮು ಸಿಕ್ಕೀತೆಂದು, ಪ್ರತಿ ಆಟಕ್ಕೆ ಮುಂಚೆ ಗೇಟನ್ನು ಅರಿವೆಯಿಂದ ಒರೆಸುವುದೂ ನನ್ನದೇ. ಕೆಳಗೆ ಜನ ಹೊಟ್ಟೆ ಹಿಡಿದು ನಗುತ್ತಿದ್ದರೆ, ಮೇಲೆ ನಾವಿಬ್ಬರೂ ಉಸಿರು ಬಿಗಿಹಿಡಿದಿರುತ್ತಿದ್ದೆವು.

ಒಮ್ಮೆ ದಾವಣಗೆರೆಯ ಗಿರಣಿ ಕೆಲಸಗಾರರಿಗೆ ರಜಾದಿನ ನಗೆ ರೀಲುಗಳದ್ದೇ ಒಂದು ಆಟ ಹಾಕಬೇಕೆಂದು ಸಾಹುಕಾರರಿಗೆ ಹೊಳೆಯಿತು. ಟ್ರಂಕು ಹೊತ್ತುಕೊಂಡು ನಾನೂ ಸಾಬರೂ ಹರಿಹರದಲ್ಲಿ ರೈಲು ಹತ್ತಿದೆವು. ಟ್ರಂಕನ್ನು ಇಬ್ಬರ ಕಾಲುಗಳ ನಡುವೆ ಇಟ್ಟುಕೊಂಡು ಕೂತಿದ್ದೆವು. ಎದುರಿನವನು ಬೀಡಿ ತೆಗೆದ. ನಾನು ಬೆವತೆ.

"ಯಜಮಾನ್ರೆ, ಬೀಡಿ ಬ್ಯಾಡ್ರಿ" ಎಂದರು ಸಾಬರು, ತಣ್ಣಗೆ. "ಟ್ರಂಕಿನಾಗ ಮದುವಿ ಸೀರಿ ಅದಾವೆ. ಕಿಡಿ ಬಿದ್ದೀತು."

ಆ ಮನುಷ್ಯ ಬೀಡಿ ಜೇಬಿಗಿಟ್ಟ. ಆದರೆ ಮಾತು ಬಿಡಲಿಲ್ಲ. ಯಾರ ಮದುವೆ, ಹುಡುಗ ಏನು ಮಾಡುತ್ತಾನೆ, ಎಷ್ಟು ಸೀರೆ, ಎಲ್ಲಿ ಕೊಂಡಿರಿ? ಸುಳ್ಳು ಹೇಳಿ ಅಭ್ಯಾಸವಿಲ್ಲದ ಸಾಬರು ಇಲ್ಲದ ಮಗಳೊಬ್ಬಳನ್ನು ಹುಟ್ಟಿಸಿ, ಇಲ್ಲದ ಅಳಿಯನನ್ನು ಹುಬ್ಬಳ್ಳಿಯಲ್ಲಿ ನೌಕರಿಗೆ ಹಚ್ಚಿ, ದಾವಣಗೆರೆ ಬರುವ ಹೊತ್ತಿಗೆ ಪೂರ್ತಿ ಬೆವರಿನಲ್ಲಿ ತೊಯ್ದುಹೋಗಿದ್ದರು. ಇಳಿಯುವಾಗ ಆ ಪುಣ್ಯಾತ್ಮ, "ಮಗಳು ಸುಖವಾಗಿರ್ಲಿ ಬಿಡ್ರಿ" ಎಂದು ಹರಸಿ ಟ್ರಂಕಿಗೂ ಒಂದು ಕೈ ಹಾಕಿ ಇಳಿಸಿಕೊಟ್ಟ.

ಅವತ್ತಿನ ಆಟದಲ್ಲಿ ಇನ್ನೊಂದು ಆತಂಕ ಕಾದಿತ್ತು. ಒಂದು ರೀಲಿನಲ್ಲಿ ಕೆಲಸಗಾರನೊಬ್ಬ ಹೆಗಲ ಮೇಲೆ ಉದ್ದನೆಯ ಹಲಗೆ ಹೊತ್ತಿರುತ್ತಾನೆ. ಯಾರೋ ಕರೆದರೆಂದು ತಿರುಗುತ್ತಾನೆ, ಹಲಗೆಯ ತುದಿ ಹಿಂದೆ ನಿಂತ ಮೇಸ್ತ್ರಿಯ ತಲೆಗೆ ಬಡಿಯುತ್ತದೆ. ಏನಾಯಿತೆಂದು ಮತ್ತೆ ತಿರುಗುತ್ತಾನೆ, ಆಗಷ್ಟೇ ಎದ್ದು ನಿಂತ ಮೇಸ್ತ್ರಿಗೆ ಇನ್ನೊಂದು ತುದಿ. ಆಟ ಶುರುವಾಗುವ ಮುನ್ನ ಸಾಹುಕಾರರು ಓಡುತ್ತ ಮೇಲೆ ಬಂದರು. ಗಿರಣಿಯಲ್ಲಿ ಎಲ್ಲರೂ ಹೆದರುವ ಸೂಪರ್‌ವೈಸರ್ ಒಬ್ಬರು ಕುರ್ಚಿಯ ಸಾಲಿನಲ್ಲಿ ಬಂದು ಕೂತಿದ್ದಾರೆ. ಗಿರಣಿಯಲ್ಲಿ ಆಗಲೇ ಮುಷ್ಕರದ ಮಾತು ನಡೆದಿತ್ತು.

"ಹಲಗಿ ರೀಲು ಬ್ಯಾಡ ಸಾಬ್ರೆ" ಎಂದರು.

"ಅದೇ ಮೊದ್ಲು ಹಚ್ಚೀನ್ರಿ" ಎಂದರು ಸಾಬರು.

ಬದಲಿಸಲು ಸಮಯವಿರಲಿಲ್ಲ. ರೀಲು ಓಡಿತು. ಮೊದಲ ಏಟು ಬಿದ್ದಾಗ ಎಂದಿನ ನಗೆ ಏಳಲಿಲ್ಲ. ನಾನು ಮುಚ್ಚಳದ ಮೇಲಿನ ಕೈ ತೆಗೆಯದೆ, ಕ್ಯಾಬಿನ್ನಿನ ಗೋಡೆಯ ಕಿಂಡಿಯಿಂದ ಬಗ್ಗಿ ನೋಡಿದೆ. ನೆಲದ ಮೇಲೆ ಕೂತ ಜನ ಪರದೆಯನ್ನು ಬಿಟ್ಟು ಹಿಂದಕ್ಕೆ ತಿರುಗಿ ಸೂಪರ್‌ವೈಸರ್ ಮುಖ ನೋಡುತ್ತಿದ್ದರು. ಅವರು ಮೀಸೆಯನ್ನೂ ಅಲುಗಿಸಲಿಲ್ಲ. ಎರಡನೆಯ ಏಟು. ಮೌನ. ಸಾಹುಕಾರರು ಬಾಗಿಲ ಹತ್ತಿರ ಕೈ ಹಿಸುಕಿಕೊಳ್ಳುತ್ತಿದ್ದರು. ಆಮೇಲೆ ಪರದೆಯ ಮೇಲಿನ ಮೇಸ್ತ್ರಿ ಜಾಣನಾಗಿ, ಹಲಗೆ ಬರುವ ಮುಂಚೆಯೇ ತಲೆ ತಗ್ಗಿಸಿದ. ಹಲಗೆ ತಲೆಯ ಮೇಲಿಂದ ಹಾದುಹೋಯಿತು. ಗೆದ್ದೆನೆಂದು ಎದ್ದು ನಿಂತ. ಹಲಗೆ ವಾಪಸ್ಸು ಬಂತು.

ಸೂಪರ್‌ವೈಸರ್ ಮೂಗಿನಿಂದ ಒಂದು ಸದ್ದು ಬಂತು. ಆಮೇಲೆ ಅವರು ತೊಡೆ ಬಡಿದುಕೊಂಡು, "ಲೇ, ಬಗ್ಗೋ! ಬಗ್ಗೋ!" ಎಂದು ಪರದೆಯ ಮೇಸ್ತ್ರಿಗೇ ಕೂಗತೊಡಗಿದರು. ಟಾಕೀಸು ಹಾರಿಹೋಗುವಂಥ ನಗೆ ಎದ್ದಿತು. ಆ ವರ್ಷದ ಮುಷ್ಕರ ನಿಲ್ಲಲಿಲ್ಲ, ಆಗಿಯೇ ಆಯಿತು. ನಗೆಯಿಂದ ಹೊಟ್ಟೆ ತುಂಬುತ್ತದೆಂದು ನಾನು ಹೇಳುವುದಿಲ್ಲ. ಅವತ್ತಿನ ಮಟ್ಟಿಗೆ ಎಲ್ಲರೂ ಮನೆಗೆ ನಗುತ್ತ ಹೋದರು, ನಾವು ಟ್ರಂಕಿನ ಸಮೇತ ಜೋಪಾನವಾಗಿ ಹರಿಹರ ಸೇರಿದೆವು.

ಎಲ್ಲರೂ ನಗುತ್ತಾರೆಂದು ತಿಳಿಯಬೇಡಿ. ಹರಿಹರದಲ್ಲಿ ಹೆಂಗಸರ ಬಾಗಿಲು ಕಾಯುತ್ತಿದ್ದವರು ಗೌರಮ್ಮಕ್ಕ. ಗಟ್ಟಿ ಹೆಂಗಸು. ಒಂದು ಸಂಜೆ ಮೊದಲ ಆಟ ಮುಗಿದ ಮೇಲೆ ಅವರು ಏಣಿಯ ಬುಡದಲ್ಲಿ ನಿಂತು, "ತಮ್ಮಾ, ಸಾಬ್ರನ್ನ ಸ್ವಲ್ಪ ಕರಿ" ಎಂದರು. ಅವರ ಪಕ್ಕದಲ್ಲಿ ಸೆರಗನ್ನು ಬಾಯಿಗೆ ಒತ್ತಿಕೊಂಡು ಒಬ್ಬ ಹೆಂಗಸು ನಿಂತಿದ್ದಳು. ಅವತ್ತಿನ ನಗೆ ರೀಲಿನಲ್ಲಿ ಕಡ್ಡಿಯಂಥವನು ಮಾಡಿನ ಮೇಲಿಂದ ಬೀಳುತ್ತಾನೆ. ಬಿದ್ದಲ್ಲಿಗೇ ರೀಲು ಹರಿದುಹೋಗಿತ್ತು, ಮುಂದಿನ ಭಾಗ ನಮ್ಮಲ್ಲಿರಲಿಲ್ಲ. ಆಕೆಯ ಗಂಡ ಗಾರೆ ಕೆಲಸದವನು. ಹಿಂದಿನ ವರ್ಷ ಸಾರುವೆಯಿಂದ ಬಿದ್ದು ತೀರಿಕೊಂಡಿದ್ದ.

ಸಾಬರು ಇಳಿದು ಬಂದರು. ಆಕೆ ಅಳುತ್ತಿರಲಿಲ್ಲ. ಒಂದೇ ಮಾತು ಕೇಳಿದಳು: "ಅಣ್ಣಾ, ಅವ ಉಳುದ್ನಾ?"

ಸಾಬರು ಆಕೆಯನ್ನೇ ನೋಡಿದರು. "ಉಳುದಾನಮ್ಮ. ತೋರಸ್ತೀನಿ ಕೂಡ್ರಿ" ಎಂದರು. ಎರಡನೆಯ ಆಟಕ್ಕೆ ಜನರನ್ನು ಬಿಡುವ ಮುಂಚೆ, ಖಾಲಿ ಟಾಕೀಸಿನಲ್ಲಿ ಆ ಇಬ್ಬರು ಹೆಂಗಸರನ್ನು ಕೂರಿಸಿ, ಅದೇ ಕಡ್ಡಿ ಮನುಷ್ಯನಿದ್ದ ಬೇರೊಂದು ರೀಲು ಹಚ್ಚಿದರು. ಅದರಲ್ಲಿ ಅವನು ಕೋಳಿ ಅಟ್ಟಿಸಿಕೊಂಡು ಓಡುತ್ತಾನೆ. ಆಕೆ ಮುಂದಕ್ಕೆ ಬಾಗಿ ನೋಡಿದಳು. "ಇವ ಅವನೇ ಏನಕ್ಕಾ?" ಎಂದು ಗೌರಮ್ಮಕ್ಕನನ್ನು ಕೇಳಿದಳು. "ಅವನೇ ಕಣೇ, ಮೂಗು ನೋಡು" ಎಂದರು ಅವರು. ಆಕೆ ನಗಲಿಲ್ಲ. ಕಣ್ಣೊರೆಸಿಕೊಂಡು ಸುಮ್ಮನೆ ಎದ್ದು ಹೋದಳು. ಹೊರಗೆ ಜನ ಕಾಯುವಂತೆ ಮಾಡಿದ್ದಕ್ಕೆ ಸಾಹುಕಾರರು ಬೈದರು. ಸಾಬರು ಮಾಡಿನ ರೀಲನ್ನು ಮಾತ್ರ ಮತ್ತೆಂದೂ ಮಷೀನಿಗೆ ಹಚ್ಚಲಿಲ್ಲ.

ಇನ್ನು ಆ ಅಮಾವಾಸ್ಯೆಯ ದಿನಕ್ಕೆ ಬರುತ್ತೇನೆ. ಇಷ್ಟು ಬರೆದದ್ದು ಅದನ್ನು ಮುಂದೂಡುವುದಕ್ಕೋ ಏನೋ.

ಅಮಾವಾಸ್ಯೆಗೆ ಉಕ್ಕಡಗಾತ್ರಿಗೆ ಹೋದವರು ಅಲ್ಲಿನ ಅಜ್ಜಯ್ಯನ ಗದ್ದುಗೆಯ ದರ್ಶನ ಮುಗಿಸಿ ಹರಿಹರಕ್ಕೆ ಬಂದು, ಸಂಜೆಯ ರೈಲಿಗೆ ಕಾಯುತ್ತಿದ್ದರು. ಅವರಿಗಾಗಿ ಅವತ್ತು ಮಧ್ಯಾಹ್ನ ಒಂದು ಆಟ ಇರುತ್ತಿತ್ತು. ತಗಡಿನ ಸಂದಿಗಳಿಗೆಲ್ಲ ಕರಿ ಬಟ್ಟೆ ಕಟ್ಟಿ ಕತ್ತಲು ಮಾಡುತ್ತಿದ್ದೆವು. ಬೇಸಿಗೆ. ಮೇಲೆ ಕಾದ ತಗಡು, ಕೆಳಗೆ ಕಿಕ್ಕಿರಿದ ಜನ. ಕೂಸು ಎತ್ತಿಕೊಂಡವರು, ತೆಂಗಿನಕಾಯಿ ಮಂಡಕ್ಕಿಯ ಗಂಟು ಹೊತ್ತವರು, ಕಣ್ಣು ಕಾಣದ ಮುದುಕಿಯರು. ಅರ್ಧ ಸಿನಿಮಾ ಓಡಿತು. ದಾವಣಗೆರೆಯಿಂದ ಬರಬೇಕಾದ ಉಳಿದ ರೀಲು ಬರಲಿಲ್ಲ. ಬಸ್ಸು ದಾರಿಯಲ್ಲಿ ಕೆಟ್ಟು ನಿಂತಿತ್ತು. ತಗಡು ಬಡಿಯುವುದು ಶುರುವಾಯಿತು.

"ನಗಿ ರೀಲು ಹಾಕ್ರಿ ಸಾಬ್ರೆ!"

"ಇವತ್ತು ಬ್ಯಾಡ್ರಿ ಸಾಹುಕಾರ್ರೆ" ಎಂದರು ಸಾಬರು. "ಸೆಕಿ ಭಾಳ ಐತೆ. ಫಿಲ್ಮು ಅಂಟಾಕ ಹತ್ತೈತೆ."

"ಜನ ಗ್ವಾಡಿ ಕೆಡವ್ತಾರೆ ನೋಡ್ರಿ. ಒಂದೇ ರೀಲು!"

ಸಾಬರು ನನ್ನ ಮುಖ ನೋಡಿದರು. ಟ್ರಂಕಿನಿಂದ ಒಂದು ರೀಲು ತೆಗೆದರು.

ಶುರುವಿನಲ್ಲಿ ಚೆನ್ನಾಗಿಯೇ ಓಡಿತು. ಹೋಟೆಲಿನ ಮಾಣಿಯೊಬ್ಬ ತಟ್ಟೆಗಳ ಗೋಪುರ ಹೊತ್ತು, ಬಾಳೆಹಣ್ಣಿನ ಸಿಪ್ಪೆಯ ಸುತ್ತ ಸುತ್ತುತ್ತಿದ್ದ. ಮಕ್ಕಳ ನಗೆ ತಗಡಿಗೆ ತಾಗಿ ಮೊಳಗುತ್ತಿತ್ತು. ನನ್ನ ಕೈ ಮುಚ್ಚಳದ ಮೇಲಿತ್ತು. ಕಟ್ ಎಂದಿತು. ಸಾಬರ ಹಿಡಿಕೆ ತಿರುಗುತ್ತಿದೆ, ಫಿಲ್ಮು ಸರಿಯುತ್ತಿಲ್ಲ. ಮುಚ್ಚಳ ಹಾಕಿದೆ. ನನಗೆ ಗೊತ್ತಿದ್ದಷ್ಟು ಬೇಗನೇ ಹಾಕಿದೆ. ಅಷ್ಟರೊಳಗೆ ಪರದೆಯ ಮೇಲೆ ಮಾಣಿಯ ಮುಖ ನಿಂತು, ಕೆನ್ನೆಯ ಮೇಲೆ ಕಂದು ಬೊಬ್ಬೆ ಎದ್ದು, ಕಾವಲಿಯ ಮೇಲಿನ ದೋಸೆಯಂತೆ ತೂತಾಗಿ ಒಡೆದಿತ್ತು. ಕೆಳಗೆ ಜನ ಅದೂ ಒಂದು ಚಮತ್ಕಾರವೆಂದು ತಿಳಿದು ಇನ್ನಷ್ಟು ಜೋರಾಗಿ ನಕ್ಕರು. "ಮುಖಾನೇ ಸುಟ್ಟರಪ್ಪೋ!" ಎಂದು ಯಾರೋ ಕೂಗಿದರು.

ಮುಚ್ಚಳದ ಈಚೆ ಫಿಲ್ಮು ಉರಿಯುತ್ತಿತ್ತು. ಉರಿ, ಇನ್ನೂ ಓಡಬೇಕಾದ ಫಿಲ್ಮಿದ್ದ ಮೇಲಿನ ಡಬ್ಬಿಯ ಕಡೆಗೆ ಏರುತ್ತಿತ್ತು. "ಕೆಳಗಿಂದು ಕತ್ತರಿಸು!" ಎಂದರು ಸಾಬರು. ಕತ್ತರಿಸಿ, ಓಡಿದ ಫಿಲ್ಮು ಸುತ್ತಿಕೊಂಡಿದ್ದ ಕೆಳಗಿನ ಡಬ್ಬಿಯನ್ನು ಕಿತ್ತು ಬಾಗಿಲಾಚೆ ಎಸೆದೆ. ಹಳದಿ ಹೊಗೆ ಗಂಟಲು ಹಿಡಿಯಿತು. ತಿರುಗಿ ನೋಡಿದರೆ ಸಾಬರು ಉರಿಹತ್ತಿದ ಮೇಲಿನ ಡಬ್ಬಿಯನ್ನು ಎರಡೂ ಕೈಯಿಂದ ಹಿಡಿದು, ಏಣಿಯ ಕಡೆ ಹೊರಟಿದ್ದರು. ಏಣಿ ಹಿಡಿಯಲು ಕೈ ಎಲ್ಲಿದೆ? ಬೆನ್ನು ಕೊಟ್ಟು ಜಾರಿದರು, ಕೊನೆಗೆ ಉರುಳಿದರು. ಡಬ್ಬಿಯನ್ನು ಮಾತ್ರ ಬಯಲಿಗೇ ಎಸೆದರು. ಕೆಳಗೆ ನಿಂತಿದ್ದ ಸೋಡಾ ಗಾಡಿಯವನು, ಮಸಿ ಮೆತ್ತಿದ ಮುದುಕ ಏಣಿಯಿಂದ ಉರುಳಿದ್ದನ್ನು ಕಂಡು ಗೊಳ್ಳೆಂದು ನಕ್ಕ. ಸಾಬರ ಕೈ ನೋಡಿದ ಮೇಲೆ ಅವನ ಬಾಯಿ ಮುಚ್ಚಿತು.

ಒಳಗಿನ ಜನಕ್ಕೆ ಇನ್ನೂ ಗೊತ್ತಿರಲಿಲ್ಲ. ಗೊತ್ತಾದರೆ ಏನಾಗುತ್ತದೆಂದು ನನಗೆ ಗೊತ್ತಿತ್ತು. ಕಿರಿದಾದ ಎರಡು ಬಾಗಿಲು, ನೆಲದ ಮೇಲೆ ಕೂಸುಗಳು. ನಾನು ಕಿಂಡಿಗೆ ಬಾಯಿಟ್ಟು ಕೂಗಿದೆ: "ಕರೆಂಟು ಹೋಗೈತ್ರಿ! ರೀಲು ಬರೋ ತನಕ ಎಲ್ರೂ ಹೊರಗ ಬಂದು ಗಾಳಿ ತಗಳ್ರಿ!" ನನ್ನ ಧ್ವನಿ ಒಡೆದಿತ್ತು. ಹೆಂಗಸರ ಬಾಗಿಲಲ್ಲಿದ್ದ ಗೌರಮ್ಮಕ್ಕ ತಲೆಯೆತ್ತಿ ಕಿಂಡಿಯನ್ನು ನೋಡಿದರು. ಅಷ್ಟೇ ಸಾಕಾಯಿತು. ಬಾಗಿಲ ಪಕ್ಕದ ಕರಿ ಬಟ್ಟೆಯನ್ನು ಜಗ್ಗಿ ಕಿತ್ತು ಬೆಳಕು ಬಿಟ್ಟು, ಮದುವೆ ಮನೆಯಲ್ಲಿ ಊಟಕ್ಕೆ ಕರೆಯುವ ಧ್ವನಿಯಲ್ಲಿ, "ಬರ್ರಿ ತಾಯಂದ್ರಾ, ಕೂಸು ಎತ್ಕಳ್ರಿ. ಗಂಟು ಇಲ್ಲೇ ಇರ್ಲಿ, ಯಾರೂ ಮುಟ್ಟಾಂಗಿಲ್ಲ. ಏ ಅಜ್ಜಿ, ನನ್ ಕೈ ಹಿಡಿ" ಎನ್ನುತ್ತ ಒಬ್ಬೊಬ್ಬರನ್ನೇ ಸಾಗಹಾಕಿದರು. ಜನ ಗೊಣಗುತ್ತ, ಮಾಣಿಯ ಮುಖವನ್ನು ನೆನೆದು ನಗುತ್ತ, ಹೊರಗೆ ನಡೆದರು.

ಕ್ಯಾಬಿನ್ನಿನಲ್ಲಿ ಟ್ರಂಕು ಉಳಿದಿತ್ತು. ಅದರ ತುಂಬ ಬೆಂಕಿ ಫಿಲ್ಮು. ಗೇಟಿನಿಂದ ಉದುರಿದ ಚೂರುಗಳು ನೆಲದ ಮೇಲೆ ಇನ್ನೂ ಉರಿಯುತ್ತಿದ್ದವು. ನನ್ನ ಕಾಲು ಏಣಿಯ ಕಡೆ ಎಳೆಯಿತು. ಕಿಂಡಿಯಿಂದ ಇಣುಕಿದರೆ ಇನ್ನೂ ಅರ್ಧ ಜನ ಒಳಗೇ ಇದ್ದರು. ಗಂಡಸರ ಬಾಗಿಲಲ್ಲಿ ಒಬ್ಬ ಮುದುಕ ಚಪ್ಪಲಿ ಹುಡುಕುತ್ತ ದಾರಿಗೆ ಅಡ್ಡ ನಿಂತಿದ್ದ. ಟ್ರಂಕಿನ ಹಿಡಿ ಹಿಡಿದು ಎಳೆದೆ. ಭಾರ. ಜಿನ್ನಿನ ಹತ್ತಿ, ಜೊತೆಗಾರನ ಬೆನ್ನು, ಎಲ್ಲ ಕಣ್ಣಿಗೆ ಬಂತು. ಬಾಗಿಲ ತನಕ ಎಳೆದು, "ಹಿಡೀರೋ ಯಾರಾದ್ರೂ!" ಎಂದು ಚೀರಿದೆ. ಸೋಡಾದವನೇ ಏಣಿ ಹತ್ತಿ ಬಂದು ತಲೆಯೊಡ್ಡಿದ. ಇಬ್ಬರೂ ಸೇರಿ ಇಳಿಸಿ ಬೇವಿನ ಮರದ ತನಕ ಹೊತ್ತೊಯ್ದೆವು. ಅಲ್ಲಿ ಟ್ರಂಕು ಇಳಿಸಿದ ಮೇಲೆ ನಾನು ವಾಂತಿ ಮಾಡಿಕೊಂಡೆ.

ಕ್ಯಾಬಿನ್ನಿನ ಒಂದು ಮಗ್ಗುಲು ಸುಟ್ಟಿತು. ಜನರಲ್ಲಿ ಒಬ್ಬರಿಗೂ ಏನೂ ಆಗಲಿಲ್ಲ. ಎಷ್ಟೋ ಮಂದಿ ಹೊರಗೆ ನಿಂತು, ಮತ್ತೆ ಯಾವಾಗ ಶುರು ಮಾಡುತ್ತೀರೆಂದು ಕೇಳುತ್ತಿದ್ದರು.

ಸಾಬರನ್ನು ದಾವಣಗೆರೆಯ ಆಸ್ಪತ್ರೆಗೆ ಸೇರಿಸಿದೆವು. ಸಾಹುಕಾರರು ದಿನವೂ ಹೋಗಿ ಮಂಚದ ಪಕ್ಕ ಕೂರುತ್ತಿದ್ದರು. "ನೀವು ಬ್ಯಾಡ ಅಂದ್ರಿ, ನಾ ಕೇಳ್ಲಿಲ್ಲ" ಎಂದು ಒಮ್ಮೆ ಎಲ್ಲರೆದುರು ಅತ್ತರು. "ಜನ ಬಡೀತಿದ್ರಲ್ರಿ, ನೀವಾದ್ರೂ ಏನು ಮಾಡ್ತೀರಿ" ಎಂದರು ಸಾಬರು. ಗಾಯ ಮಾಯಿತು. ಆದರೆ ಬೆರಳುಗಳು ಒಳಕ್ಕೆ ಮುದುಡಿಕೊಂಡು, ಒಂದಕ್ಕೊಂದು ಅಂಟಿಕೊಂಡವು. ಫಿಲ್ಮು ಪೋಣಿಸುವುದಿರಲಿ, ಅಂಗಿಯ ಗುಂಡಿ ಹಾಕಲೂ ಆಗುತ್ತಿರಲಿಲ್ಲ.

ಅಧಿಕಾರಿಗಳು ಬಂದು ನೋಡಿದರು. ಕ್ಯಾಬಿನ್ನನ್ನು ಇಟ್ಟಿಗೆಯಲ್ಲಿ ಕಟ್ಟಬೇಕು, ಹಳೆಯ ಫಿಲ್ಮನ್ನೆಲ್ಲ ನಾಶ ಮಾಡಬೇಕು, ಆಮೇಲೆಯೇ ಪರವಾನಗಿ ಎಂದರು. ಇಟ್ಟಿಗೆಯ ಕೆಲಸ ಮುಗಿಯುವ ಹೊತ್ತಿಗೆ ಸಾಬರು ಆಸ್ಪತ್ರೆಯಿಂದ ಮನೆಗೆ ಬಂದಿದ್ದರು. "ಫಿಲ್ಮು ಸುಡಾಕ ನಾನೂ ಬರ್ತೀನಿ" ಎಂದರು. ಟ್ರಂಕನ್ನು ಎತ್ತಿನ ಗಾಡಿಯಲ್ಲಿ ಹಾಕಿಕೊಂಡು ತುಂಗಭದ್ರೆಯ ದಂಡೆಗೆ ಹೋದೆವು. ಬೆಳಗಿನ ಬಿಸಿಲು. ನೀರು ಕಡಿಮೆಯಾಗಿ ಮರಳು ಅಗಲವಾಗಿ ಹರಡಿತ್ತು. ಬಟ್ಟೆ ಒಗೆಯುವವರಿಂದ ದೂರ ಹೋಗಿ, ಒಂದೊಂದೇ ರೀಲನ್ನು ಬಿಚ್ಚಿ ಮರಳ ಮೇಲೆ ಹಾಸಿ ಕಡ್ಡಿ ಗೀರಿದೆ. ಪ್ರತಿ ಸಲವೂ ಭುಸ್ ಎಂದಾಗ ನಾನು ಹಿಂದಕ್ಕೆ ಹಾರುತ್ತಿದ್ದೆ. ಸಾಬರು ಅಲುಗುತ್ತಿರಲಿಲ್ಲ.

ತಳದಲ್ಲಿ ಒಂದು ಡಬ್ಬಿ ಉಳಿಯಿತು. ತುಕ್ಕು ಹಿಡಿದು ಮುಚ್ಚಳ ಬಿಗಿದಿದ್ದ ಅದನ್ನು ನಾನು ಎಂದೂ ತೆರೆದು ನೋಡಿರಲಿಲ್ಲ.

"ಅದು ಮಷೀನಿಗೆ ಹತ್ತಾಂಗಿಲ್ಲ. ಭಾಳ ಕುಗ್ಗೈತೆ" ಎಂದರು ಸಾಬರು. "ಅದ್ರಾಗ ಏನೈತೆ ಅಂತ ನನಗೂ ಗೊತ್ತಿಲ್ಲ. ಬಿಸಿಲಿಗೆ ಹಿಡಿ ನೋಡೋಣ."

ಕಲ್ಲಿನಿಂದ ಬಡಿದು ತೆರೆದೆ. ಫಿಲ್ಮನ್ನು ಆಕಾಶದ ಕಡೆ ಎತ್ತಿ ಹಿಡಿದು, ಅವರ ಕಣ್ಣ ಮುಂದೆ ಸ್ವಲ್ಪ ಸ್ವಲ್ಪವೇ ಎಳೆಯುತ್ತ ಹೋದೆ. ಅವರು ಒಂದು ಕಣ್ಣು ಮುಚ್ಚಿ ನೋಡುತ್ತ ಹೇಳುತ್ತ ಹೋದರು. ಒಬ್ಬ ಸಣ್ಣ ಮನುಷ್ಯ. ಹೆಗಲ ಮೇಲೆ ಸುತ್ತಿದ ಹಾಸಿಗೆ. ಮಲಗಲು ಜಾಗ ಹುಡುಕುತ್ತಿದ್ದಾನೆ. ಕಟ್ಟೆಯ ಮೇಲೆ ಹಾಸುತ್ತಾನೆ, ಪೊಲೀಸಪ್ಪ ಎಬ್ಬಿಸುತ್ತಾನೆ. ಗಾಡಿಯೊಳಗೆ ಹಾಸುತ್ತಾನೆ, ಗಾಡಿ ಹೊರಟುಬಿಡುತ್ತದೆ. ತೋಟದಲ್ಲಿ ಹಾಸುತ್ತಾನೆ, ಮಾಲಿ ನೀರು ಬಿಡುತ್ತಾನೆ. ನಾಯಿಯ ಪಕ್ಕ ಮಲಗುತ್ತಾನೆ, ನಾಯಿಯೇ ಹಾಸಿಗೆ ಎಳೆದುಕೊಂಡು ಹೋಗುತ್ತದೆ. ಸಾಬರ ಭುಜ ಕುಲುಕತೊಡಗಿತು. ನಾನೂ ಬಗ್ಗಿ ಅವರ ತಲೆಗೆ ತಲೆ ಹಚ್ಚಿ ನೋಡತೊಡಗಿದೆ. ಇಬ್ಬರೂ ಮರಳಿನಲ್ಲಿ ಕೂತು ಕಣ್ಣಲ್ಲಿ ನೀರು ಬರುವಂತೆ ನಕ್ಕೆವು. ಬಟ್ಟೆ ಒಗೆಯುವವರು ಕೈ ನಿಲ್ಲಿಸಿ ನಮ್ಮನ್ನೇ ನೋಡುತ್ತಿದ್ದರು.

ಹಾಸಿಗೆಯವನು ಒಂದು ದೊಡ್ಡ ಮನೆಯ ಕಿಟಕಿ ಹತ್ತುತ್ತಾನೆ. ಒಳಗೆ ಒಂದು ಮಂಚ. ಅಲ್ಲಿಗೆ ಫಿಲ್ಮು ನಿಂತಿತು. ಉಳಿದದ್ದು ಕರಗಿ ಬೆಲ್ಲದ ಮುದ್ದೆಯಂತೆ ಒಂದೇ ಗಟ್ಟಿಯಾಗಿತ್ತು.

"ಮುಂದ?"

"ಅಂಟ್ಕಂಡೈತ್ರಿ ಸಾಬ್ರೆ. ಬಿಚ್ಚಾಕ ಬರಾಂಗಿಲ್ಲ."

ಸಾಬರು ಮುದುಡಿದ ಬೆರಳುಗಳಿಂದ ಆ ಮುದ್ದೆಯನ್ನು ಒತ್ತಿ ನೋಡಿದರು. "ಮಲಗಿರ್ತಾನ ಬಿಡು" ಎಂದರು. "ಎಷ್ಟೊತ್ತು ಅಂತ ಎಬ್ಬಸ್ತಾರ ಅವನ್ನ?" ಆಮೇಲೆ, "ಹಚ್ಚು" ಎಂದರು.

ಹಚ್ಚಿದೆ. ಅದು ಉಳಿದವುಗಳಿಗಿಂತ ಹೆಚ್ಚು ಹೊತ್ತು ಉರಿಯಿತು.

ಪರವಾನಗಿ ಬಂದ ದಿನ ಸಂಜೆ ಹೊಸ ಕ್ಯಾಬಿನ್ನಿನಲ್ಲಿ ಮೊದಲ ಆಟ. ಹೊಸ ಸಿನಿಮಾ, ಸುಟ್ಟರೆ ಬರೇ ಮುದುಡುವ ಹೊಸ ಫಿಲ್ಮು. ನಾನೊಬ್ಬನೇ ಪೋಣಿಸಿದೆ, ಕಾರ್ಬನ್ ಹಚ್ಚಿದೆ. ಸಾಬರು ಬೇಡವೆಂದರೂ ಕೇಳದೆ ಮೇಲೆ ಬಂದು ಸ್ಟೂಲಿನ ಮೇಲೆ ಕೂತಿದ್ದರು. ಎರಡೂ ಕೈಗಳನ್ನು ಮಡಿಲಲ್ಲಿಟ್ಟುಕೊಂಡಿದ್ದರು. ಕೆಳಗೆ ಗಂಟೆ ಬಾರಿಸಿತು, ದೀಪಗಳು ಆರಿದವು.

"ಗೇಟು ಒರೆಸೀಯಾ?" ಎಂದು ಕೇಳಿದರು.

ಒರೆಸಿದ್ದೆ. ಅರಿವೆ ತೆಗೆದುಕೊಂಡು ಮತ್ತೊಮ್ಮೆ ಒರೆಸಿದೆ.